ತನಿಖೆ ಸರಿಯಾಗಿ ಆಗದಿದ್ದರೆ ಪೊಲೀಸರ ಮೇಲೆ ನ್ಯಾಯಾಂಗ ನಿಂದನೆ ಹಾಕಬಹುದಾ?

ವಕೀಲನಾದ ನನಗೆ ಈ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ. "ಸಾರ್, ಪೊಲೀಸರು ತನಿಖೆನೇ ಸರಿಯಾಗಿ ಮಾಡಿಲ್ಲ. ಕಂಟೆಂಪ್ಟ್ ಹಾಕೋಣ್ವಾ?" ನಾನು ತಿರುಗಿ ಕೇಳುವುದು ಒಂದೇ: ಯಾವ ಕೋರ್ಟಿನ ಯಾವ ಆದೇಶ ಮುರಿದಿದ್ದಾರೆ? ಹೆಚ್ಚಿನವರ ಕೈಯಲ್ಲಿ ಎಫ್‌ಐಆರ್ ಪ್ರತಿಯೋ ಠಾಣೆಯ ಹಿಂಬರಹವೋ ಇರುತ್ತದೆ. ಆದೇಶ ಇರುವುದಿಲ್ಲ.

'ನಿಂದನೆ' ಅನ್ನುವ ಪದವೇ ಗೊಂದಲ ಮಾಡುತ್ತದೆ. ಬೈದರೆ ತಾನೇ ನಿಂದನೆ? ಅದಕ್ಕೇ ಕೆಲವರಿಗೆ ಉಲ್ಟಾ ಭಯ. ತನಿಖೆ ಸರಿಯಿಲ್ಲ ಎಂದು ದೂರಿದರೆ ತಮ್ಮ ಮೇಲೇ ನಿಂದನೆ ಕೇಸ್ ಬೀಳುತ್ತದೆ ಅಂದುಕೊಳ್ಳುತ್ತಾರೆ. ಹಾಗಿಲ್ಲ. ಠಾಣೆ ಕೋರ್ಟ್ ಅಲ್ಲ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ ಸಿವಿಲ್ ನಿಂದನೆ ಎಂದರೆ ಕೋರ್ಟಿನ ಆದೇಶವನ್ನು ಬೇಕಂತಲೇ ಮುರಿಯುವುದು. ಸೋಮಾರಿ ತನಿಖೆ, ಅರೆಬರೆ ಮಹಜರು, ಸಾಕ್ಷಿಗಳನ್ನು ಕೇಳದೇ ಬಿಡುವುದು, ಇವೆಲ್ಲ ದೊಡ್ಡ ತಪ್ಪುಗಳೇ. ಆದರೆ ಆದೇಶವೇ ಇಲ್ಲದಿದ್ದರೆ ನಿಂದನೆ ಆಗುವುದಿಲ್ಲ.

"ಸುಪ್ರೀಂ ಕೋರ್ಟ್ ತೀರ್ಪೇ ಇದೆಯಲ್ಲ" ಅನ್ನುತ್ತಾರೆ. ಇದೆ. 2013ರ ಲಲಿತಾ ಕುಮಾರಿ ತೀರ್ಪಿನ ಪ್ರಕಾರ, ಪೊಲೀಸರು ತಾವಾಗಿಯೇ ತನಿಖೆ ಮಾಡಬಹುದಾದ ಅಪರಾಧ ದೂರಿನಲ್ಲಿ ಕಂಡರೆ ಎಫ್‌ಐಆರ್ ಹಾಕಲೇಬೇಕು. ಹಾಕದವರ ಮೇಲೆ ಕ್ರಮ ಆಗಬೇಕು ಎಂದೂ ಅದು ಹೇಳಿದೆ. ಆದರೆ 2014ರ ಅರ್ನೇಶ್ ಕುಮಾರ್ ತೀರ್ಪಿನ ಮಾತೇ ಬೇರೆ. ಅದು ಬೇಕಾಬಿಟ್ಟಿ ಬಂಧನದ ಬಗ್ಗೆ. ಅದರ ಸೂಚನೆ ಮೀರಿದ ಪೊಲೀಸರು ಹೈಕೋರ್ಟಿನಲ್ಲಿ ನಿಂದನೆಗೆ ಗುರಿಯಾಗುತ್ತಾರೆ ಎಂದು ತೀರ್ಪಿನಲ್ಲೇ ಬರೆದಿದೆ. ತನಿಖೆ ಚೆನ್ನಾಗಿಲ್ಲ ಎಂಬ ದೂರಿಗೆ ಇಷ್ಟು ನೇರ ದಾರಿ ಇಲ್ಲ.

ಅಂಗಡಿ ಕಳವಾಗಿದ್ದ ಒಬ್ಬ ಅಮ್ಮ ನನ್ನ ಬಳಿ ಬಂದಾಗ ಎರಡು ತಿಂಗಳು ಕಳೆದಿತ್ತು. ಅಷ್ಟೂ ದಿನ ಅವರು ಕಂಟೆಂಪ್ಟ್ ಹಾಕಲೆಂದೇ ಕಾಗದ ಕೂಡಿಸುತ್ತಿದ್ದರು. ಎದುರು ಅಂಗಡಿಯ ಸಿಸಿಟಿವಿ ದೃಶ್ಯವನ್ನು ಪೊಲೀಸರು ತೆಗೆದುಕೊಂಡಿರಲಿಲ್ಲ. ಅಷ್ಟರಲ್ಲಿ ಹಳೆಯ ದೃಶ್ಯದ ಮೇಲೆ ಹೊಸದು ಕೂತಿತ್ತು. ಮೊದಲ ವಾರದಲ್ಲೇ ಮ್ಯಾಜಿಸ್ಟ್ರೇಟ್ ಮುಂದೆ ಒಂದು ಅರ್ಜಿ ಹಾಕಿದ್ದರೆ ಉಳಿಯುತ್ತಿತ್ತೇನೋ. ನನಗೆ ಇವತ್ತಿಗೂ ಅದು ಸಂಕಟ.

ಮ್ಯಾಜಿಸ್ಟ್ರೇಟ್ ಹತ್ತಿರ ಹೋಗಿ ಎಂದರೆ ಜನಕ್ಕೆ ನಿರಾಸೆ. ಹೈಕೋರ್ಟ್ ಅಂದರೇ ಸಮಾಧಾನ. ಆದರೆ ಸರಿಯಾದ ತನಿಖೆ ಆಗುವಂತೆ ನೋಡಿಕೊಳ್ಳುವ ಅಧಿಕಾರ ಮ್ಯಾಜಿಸ್ಟ್ರೇಟರಿಗೇ ಇದೆ ಎಂದು ಸುಪ್ರೀಂ ಕೋರ್ಟ್ 2007ರ ಸಕೀರಿ ವಾಸು ಪ್ರಕರಣದಲ್ಲಿ ಹೇಳಿದೆ. ಎಫ್‌ಐಆರೇ ಆಗದಿದ್ದರೆ ಮೊದಲು ಎಸ್‌ಪಿಗೆ ಬರೆಯಿರಿ. ಆಮೇಲೆ ಅಫಿಡವಿಟ್ ಜೊತೆ ಮ್ಯಾಜಿಸ್ಟ್ರೇಟ್ ಮುಂದೆ ಹೋಗಿ. ಹಳೆಯ ಸಿಆರ್‌ಪಿಸಿ ಬದಲಿಗೆ 2024ರ ಜುಲೈ 1ರಿಂದ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಇದಕ್ಕೆ ಕಲಂ 175(3) ಇದೆ. ತನಿಖೆ ಎಲ್ಲಿಗೆ ಬಂತು ಎಂದು ಪೊಲೀಸರು 90 ದಿನದೊಳಗೆ ದೂರುದಾರರಿಗೆ ತಿಳಿಸಬೇಕು ಎಂದೂ ಅದರಲ್ಲಿದೆ. ಕೇಳಿ ಪಡೆಯಿರಿ.

ಬಿ ರಿಪೋರ್ಟ್, ಅಂದರೆ ಕೇಸ್ ಮುಚ್ಚಬಹುದು ಎಂದು ಪೊಲೀಸರು ಕೋರ್ಟಿಗೆ ಕೊಡುವ ವರದಿ, ಬಂದರೆ ಕೇಸ್ ಮುಗಿಯಿತು ಎಂದು ಸುಮ್ನೆ ಕೂರಬೇಡಿ. ನಿಮ್ಮ ಮಾತು ಕೇಳದೆ ಕೋರ್ಟ್ ಅದನ್ನು ಒಪ್ಪುವ ಹಾಗಿಲ್ಲ. 1985ರಿಂದಲೇ ಇದು ಕಾನೂನು. ತಕರಾರು ಅರ್ಜಿ ಹಾಕಿ. ಯಾವ ಸಾಕ್ಷಿಯನ್ನು ಕೇಳಿಲ್ಲ, ಯಾವ ದಾಖಲೆ ಬಿಟ್ಟಿದ್ದಾರೆ ಎಂದು ಬಿಡಿಬಿಡಿಯಾಗಿ ಬರೆಯಿರಿ. "ತನಿಖೆ ಸರಿಯಿಲ್ಲ" ಅಂದಷ್ಟಕ್ಕೆ ಏನೂ ಆಗದು.

ಹಾಗಾದರೆ ಕಂಟೆಂಪ್ಟ್ ಯಾವಾಗ? ಇಂಥ ಕೆಲಸವನ್ನು ಇಂಥ ದಿನದೊಳಗೆ ಮಾಡಿ ಎಂದು ಕೋರ್ಟ್ ಹೇಳಿ, ಪೊಲೀಸರು ಬೇಕಂತಲೇ ಮಾಡದಿದ್ದಾಗ. ಆದೇಶದಲ್ಲಿ "ಮನವಿಯನ್ನು ಪರಿಗಣಿಸಿ" ಎಂದಷ್ಟೇ ಇದ್ದು, ಅವರು ಪರಿಗಣಿಸಿ ತಿರಸ್ಕರಿಸಿದರೆ ಅದೂ ಪಾಲನೆಯೇ. ಆದ್ದರಿಂದ ಅರ್ಜಿಯಲ್ಲೇ ಸ್ಪಷ್ಟವಾಗಿ ಕೇಳಬೇಕು, ಗಡುವನ್ನೂ ಕೇಳಬೇಕು. ಕೆಳ ಕೋರ್ಟಿನ ಆದೇಶ ಮುರಿದರೂ ನಿಂದನೆ ಪ್ರಕರಣ ಹೈಕೋರ್ಟಿಗೇ ಹೋಗುತ್ತದೆ. ಶಿಕ್ಷೆ 6 ತಿಂಗಳವರೆಗೆ ಸಾದಾ ಜೈಲು, 2000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಆದೇಶ ಮುರಿದ 1 ವರ್ಷದೊಳಗೆ ಹೋಗಬೇಕು.

"ಆದೇಶ ನಮಗೆ ತಲುಪಿಯೇ ಇಲ್ಲ" ಎಂದು ಅವರು ಹೇಳಿದರೆ ಬೇಕಂತಲೇ ಮುರಿದರು ಎಂದು ತೋರಿಸುವುದು ಕಷ್ಟ. ಆದೇಶದ ಪ್ರತಿ ಸಿಕ್ಕ ದಿನವೇ ಠಾಣೆಗೆ ಒಯ್ದು ಕೊಡಿ, ನಿಮ್ಮ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ.