ಘಟ್ಟದ ಇಳಿಜಾರಿಗೆ ತಕ್ಕ ಬ್ರೇಕ್ ಪ್ಯಾಡ್

ಬ್ರೇಕ್ ಪ್ಯಾಡ್ ಎಷ್ಟು ಸಾವಿರ ಕಿಲೋಮೀಟರ್ ಬಾಳಿಕೆ ಬರುತ್ತದೆ ಎಂಬ ಪ್ರಶ್ನೆಗೆ ಬಯಲುಸೀಮೆಯವರಿಗೆ ಸಿಗುವ ಉತ್ತರ ಚಿಕ್ಕಮಗಳೂರಿನವರಿಗೆ ಉಪಯೋಗಕ್ಕೆ ಬರುವುದಿಲ್ಲ. ನೇರ ಹೆದ್ದಾರಿಯಲ್ಲಿಯೇ ಹೆಚ್ಚು ಓಡುವ ಕಾರಿನಲ್ಲಿ ಐವತ್ತು ಸಾವಿರ ಕಿಲೋಮೀಟರ್ ದಾಟಿಯೂ ಉಳಿಯುವ ಪ್ಯಾಡು, ವಾರಕ್ಕೊಮ್ಮೆ ತೋಟಕ್ಕೆ ಹೋಗಿಬರುವ, ತಿಂಗಳಿಗೊಮ್ಮೆ ಕೊಟ್ಟಿಗೆಹಾರದಿಂದ ಚಾರ್ಮಾಡಿ ಘಾಟಿ ಇಳಿದು ಮಂಗಳೂರಿನ ಕಡೆ ಮುಖ ಮಾಡುವ ನಮ್ಮ ಕಾರುಗಳಲ್ಲಿ ಅದರ ಅರ್ಧಕ್ಕೇ ಸವೆದಿದ್ದರೆ ಆಶ್ಚರ್ಯಪಡಬೇಕಾಗಿಲ್ಲ. ಆದ್ದರಿಂದ ಕಿಲೋಮೀಟರ್ ಲೆಕ್ಕವನ್ನು ಬಿಟ್ಟು ದಪ್ಪವನ್ನು ನೋಡುವುದೇ ಸರಿಯಾದ ಕ್ರಮ. ಹೊಸ ಪ್ಯಾಡಿನಲ್ಲಿ ಉಕ್ಕಿನ ತಟ್ಟೆಯ ಮೇಲಿನ ಘರ್ಷಣೆಯ ಪದರ ಸಾಮಾನ್ಯವಾಗಿ 10 ಮಿಲಿಮೀಟರ್ ಆಸುಪಾಸು ಇರುತ್ತದೆ. ಅದು 3 ಮಿಲಿಮೀಟರಿಗೆ ಇಳಿದಾಗ ಬದಲಾಯಿಸಬೇಕೆಂಬುದು ಎಲ್ಲ ಕಡೆ ನಡೆದುಬಂದ ಮಾತು. ನನ್ನ ಅಭಿಪ್ರಾಯದಲ್ಲಿ, ಜೂನ್ ತಿಂಗಳ ಮಳೆ ಹಿಡಿಯುವ ಮುನ್ನ ನೋಡಿದಾಗ 4 ಮಿಲಿಮೀಟರ್ ಉಳಿದಿದ್ದರೂ ಘಟ್ಟದವರು ಬದಲಾಯಿಸಿಬಿಡುವುದು ಮೇಲು.

ಇಷ್ಟು ಎಚ್ಚರಿಕೆ ಏಕೆಂಬುದು ಒಂದು ಸಣ್ಣ ಲೆಕ್ಕದಿಂದ ತಿಳಿಯುತ್ತದೆ. ಮುಳ್ಳಯ್ಯನಗಿರಿಯ ಶಿಖರ ಸಮುದ್ರಮಟ್ಟದಿಂದ ಸುಮಾರು 1,930 ಮೀಟರ್ ಎತ್ತರದಲ್ಲಿದೆ. ಚಿಕ್ಕಮಗಳೂರು ಪಟ್ಟಣ ಸುಮಾರು 1,090 ಮೀಟರ್ ಎತ್ತರದಲ್ಲಿದೆ. ಮೇಲಿನ ರಸ್ತೆಯಿಂದ ಊರಿಗೆ ಇಳಿಯುವಷ್ಟರಲ್ಲಿ ಕಾರು 800 ಮೀಟರ್ ಕೆಳಗೆ ಬಂದಿತೆಂದು ಇಟ್ಟುಕೊಳ್ಳೋಣ. ಮನೆಮಂದಿಯೆಲ್ಲ ಕುಳಿತ 1,300 ಕಿಲೋ ತೂಕದ ಕಾರು ಅಷ್ಟು ಇಳಿದಾಗ ಬಿಡುಗಡೆಯಾಗುವ ಶಕ್ತಿ ಸುಮಾರು 10 ಮೆಗಾಜೂಲ್. ಅಂದರೆ 30 ಲೀಟರ್ ತಣ್ಣೀರನ್ನು ಕುದಿಯುವ ಹಂತಕ್ಕೆ ತರುವಷ್ಟು ಶಾಖ. ಇದರಲ್ಲಿ ಒಂದಷ್ಟನ್ನು ಗಾಳಿಯೂ ಟೈರುಗಳೂ ಹೀರಿಕೊಳ್ಳುತ್ತವೆ, ಗೇರ್ ತಗ್ಗಿಸಿ ಇಳಿಸಿದರೆ ಎಂಜಿನ್ ಇನ್ನೊಂದು ದೊಡ್ಡ ಪಾಲನ್ನು ಹೊರುತ್ತದೆ, ಉಳಿದದ್ದೆಲ್ಲ ಬ್ರೇಕಿನ ಪಾಲಿಗೆ. ಗೇರನ್ನು ನಾಲ್ಕರಲ್ಲೋ ನ್ಯೂಟ್ರಲ್‌ನಲ್ಲೋ ಇಟ್ಟು ಇಳಿಯುವವರ ಕಾರಿನಲ್ಲಿ ಹೆಚ್ಚುಕಡಿಮೆ ಇಡೀ ಶಾಖವನ್ನು ಅಂಗೈಯಗಲದ ಪ್ಯಾಡುಗಳೇ ತಾಳಿಕೊಳ್ಳಬೇಕು. ರಜೆಯ ದಿನಗಳಲ್ಲಿ ಸೀತಾಳಯ್ಯನಗಿರಿಯಿಂದ ಕೈಮರದ ಕಡೆಗೆ ಇಳಿಯುವ ಪ್ರವಾಸಿಗರ ಕಾರುಗಳ ಹಿಂದೆ ಹೋದವರಿಗೆ ಆ ಸುಟ್ಟ ವಾಸನೆಯ ಪರಿಚಯ ಇದ್ದೇ ಇರುತ್ತದೆ.

ಹಾಗಾಗಿ ಪ್ಯಾಡಿನ ಆಯ್ಕೆಯಲ್ಲಿ ನಾನು ಮೊದಲು ಕೇಳುವುದು ಬಿಸಿಯಾದಾಗ ಅದು ಹೇಗೆ ಹಿಡಿಯುತ್ತದೆ ಎಂಬುದನ್ನು. ಸದ್ದು, ಧೂಳು, ಬೆಲೆ ಇವೆಲ್ಲ ಆಮೇಲಿನ ಮಾತು. ಮಾರುಕಟ್ಟೆಯಲ್ಲಿ ಮೂರು ಬಗೆಯವು ಸಿಗುತ್ತವೆ. ನಾರು ಮತ್ತು ರಾಳದ ಮಿಶ್ರಣದ ಆರ್ಗ್ಯಾನಿಕ್ ಪ್ಯಾಡುಗಳು ಮೆತ್ತಗೆ ಹಿಡಿಯುತ್ತವೆ, ಸದ್ದು ಮಾಡುವುದಿಲ್ಲ, ಚಕ್ರದೊಂದಿಗೆ ತಿರುಗುವ ಲೋಹದ ಬಿಲ್ಲೆಯಾದ ಡಿಸ್ಕನ್ನು ಹೆಚ್ಚು ತಿನ್ನುವುದಿಲ್ಲ; ಆದರೆ ಅವುಗಳಲ್ಲಿ ಅಗ್ಗದವು ಬಹಳ ಬಿಸಿಯಾದಾಗ ಹಿಡಿತ ಕಳೆದುಕೊಳ್ಳುತ್ತವೆ. ಕಬ್ಬಿಣದ ಪುಡಿ, ಉಕ್ಕಿನ ಎಳೆಗಳು ಬೆರೆತ ಸೆಮಿ ಮೆಟಾಲಿಕ್ ಪ್ಯಾಡುಗಳು ಶಾಖವನ್ನು ಚೆನ್ನಾಗಿ ತಾಳುತ್ತವೆ, ಬದಲಿಗೆ ಚಕ್ರದ ಮೇಲೆ ಕಪ್ಪು ಧೂಳು ಕೂರಿಸುತ್ತವೆ, ಚಳಿಯ ಬೆಳಗ್ಗೆ ಮೊದಲ ಒಂದೆರಡು ಬ್ರೇಕಿಗೆ ಕಿರುಗುಟ್ಟುತ್ತವೆ, ಡಿಸ್ಕನ್ನೂ ಸ್ವಲ್ಪ ಬೇಗ ಸವೆಸುತ್ತವೆ. ಸೆರಾಮಿಕ್ ಎಂದು ಮಾರುವವು ಶುಚಿಯಾಗಿಯೂ ನಿಶ್ಶಬ್ದವಾಗಿಯೂ ಇರುತ್ತವೆ, ಬೆಲೆ ಹೆಚ್ಚು. ಪಟ್ಟಣದೊಳಗೆ ಶಾಲೆ, ಮಾರುಕಟ್ಟೆ, ದೇವಸ್ಥಾನಕ್ಕಷ್ಟೇ ಓಡುವ ಕಾರಿಗೆ ತಯಾರಕರೇ ಕೊಡುವ ಮೂಲ ಪ್ಯಾಡು ಧಾರಾಳವಾಗಿ ಸಾಕು. ಘಾಟಿಯೇ ದಿನಚರಿಯಾಗಿದ್ದರೆ ಹೆಸರುವಾಸಿ ತಯಾರಕರ ಸೆಮಿ ಮೆಟಾಲಿಕ್ ಪ್ಯಾಡಿಗೆ ನನ್ನ ಮತ.

ಪ್ಯಾಡಿನ ಅಂಚಿನಲ್ಲಿ ಅಚ್ಚಾಗಿರುವ ಉದ್ದನೆಯ ಸಂಕೇತದ ಕೊನೆಯಲ್ಲಿ ಬಹುಪಾಲು ಎರಡು ಇಂಗ್ಲಿಷ್ ಅಕ್ಷರಗಳು ಇರುತ್ತವೆ. ಅಂಗಡಿಯಲ್ಲಿ ಅವುಗಳ ಬಗ್ಗೆ ಯಾರೂ ಮಾತನಾಡುವುದಿಲ್ಲ. ಮೊದಲ ಅಕ್ಷರ ಸಾಧಾರಣ ತಾಪಮಾನದಲ್ಲಿ ಪ್ಯಾಡು ಎಷ್ಟು ಹಿಡಿಯುತ್ತದೆ ಎಂಬುದನ್ನು, ಎರಡನೆಯದು ಬಿಸಿಯಾದಾಗ ಎಷ್ಟು ಹಿಡಿಯುತ್ತದೆ ಎಂಬುದನ್ನು ಹೇಳುತ್ತದೆ. ‘ಇ’ ಎಂದಿದ್ದರೆ ಘರ್ಷಣಾಂಕ (ಹಿಡಿತದ ಅಳತೆ) 0.25ರಿಂದ 0.35, ‘ಎಫ್’ ಎಂದಿದ್ದರೆ 0.35ರಿಂದ 0.45, ‘ಜಿ’ ಎಂದಿದ್ದರೆ 0.45ರಿಂದ 0.55. ‘ಎಫ್‌ಎಫ್’ ಎಂದಿರುವ ಪ್ಯಾಡು ತಣ್ಣಗಿದ್ದಾಗಲೂ ಬಿಸಿಯಾದಾಗಲೂ ಒಂದೇ ದರ್ಜೆಯ ಹಿಡಿತ ಕೊಡುತ್ತದೆ. ‘ಎಫ್‌ಇ’ ಎಂದಿದ್ದರೆ ಬಿಸಿ ಏರಿದಂತೆ ಹಿಡಿತ ಒಂದು ದರ್ಜೆ ಇಳಿಯುತ್ತದೆ. ಬಾಳಿಕೆಯ ಬಗ್ಗೆ ಈ ಅಕ್ಷರಗಳು ಏನನ್ನೂ ಹೇಳುವುದಿಲ್ಲವಾದರೂ ಇಳಿಜಾರಿನವರು ಎರಡನೆಯ ಅಕ್ಷರವನ್ನು ನೋಡದೆ ದುಡ್ಡು ಕೊಡಬಾರದು. ಹಾಗೆಂದು ಕಾರಿಗೆ ಮೂಲದಲ್ಲಿ ಬಂದ ದರ್ಜೆಗಿಂತ ತೀರ ಹೆಚ್ಚಿನದನ್ನು ಮುಂದಿನ ಚಕ್ರಗಳಿಗಷ್ಟೇ ಹಾಕಿದರೆ ಮುಂದಿನ ಮತ್ತು ಹಿಂದಿನ ಬ್ರೇಕುಗಳ ಹೊಂದಾಣಿಕೆ ಕೆಡುತ್ತದೆ ಎಂಬುದೂ ನೆನಪಿರಲಿ.

ಕೊಳ್ಳುವಾಗ ಕಾರಿನ ಹೆಸರು ಹೇಳಿದರೆ ಸಾಲದು. ಒಂದೇ ಮಾದರಿಯಲ್ಲಿ ವರ್ಷದಿಂದ ವರ್ಷಕ್ಕೆ, ಪೆಟ್ರೋಲ್‌ನಿಂದ ಡೀಸೆಲ್‌ಗೆ ಪ್ಯಾಡುಗಳನ್ನು ಹಿಡಿದು ಡಿಸ್ಕಿಗೆ ಒತ್ತುವ ಕ್ಯಾಲಿಪರ್ ಬದಲಾಗಿರುವುದುಂಟು. ಆರ್‌ಸಿಯ ಪ್ರತಿಯನ್ನು ಕೈಯಲ್ಲಿ ಹಿಡಿದು, ಚಾಸಿಸ್ ಸಂಖ್ಯೆ ಕೊಟ್ಟು, ಸಾಧ್ಯವಾದರೆ ಹಳೆಯ ಪ್ಯಾಡಿನ ಆಕಾರದೊಂದಿಗೆ ತಾಳೆ ನೋಡಿ ತರುವುದು ಒಳ್ಳೆಯದು. ಬಾಷ್, ರಾಣೆ, ಟಿವಿಎಸ್ ಗರ್ಲಿಂಗ್ ಮುಂತಾದ ಹೆಸರುಗಳಲ್ಲಿ ಸಿಗುವ ಪ್ಯಾಡುಗಳು ಸಣ್ಣ ಕಾರಿಗೆ ಕೈಗೆಟುಕುವ ಬೆಲೆಯವೇ. ಅದರಲ್ಲಿ ಮುನ್ನೂರು ರೂಪಾಯಿ ಉಳಿಸಲು ಹೆಸರಿಲ್ಲದ ಪೊಟ್ಟಣ ಕೊಳ್ಳುವುದು ನನಗೆ ಇಂದಿಗೂ ಅರ್ಥವಾಗದ ಜಾಣತನ.

ಇಷ್ಟೆಲ್ಲ ನೋಡಿ ಒಳ್ಳೆಯ ಪ್ಯಾಡು ತಂದರೂ ಕೆಲಸ ಅರ್ಧವೇ ಆಗಿರುತ್ತದೆ. ಮಲೆನಾಡಿನ ಮಳೆಯಲ್ಲಿ ಪ್ಯಾಡಿನ ಆಯುಸ್ಸನ್ನು ನಿರ್ಧರಿಸುವುದು ಅದರ ಪಕ್ಕದಲ್ಲಿರುವ ಎರಡು ಸಣ್ಣ ಪಿನ್ನುಗಳು. ಕಳೆದ ಬಾರಿ ನಮ್ಮ ಕಾರಿನ ಎಡಮುಂದಿನ ಚಕ್ರ ಬಿಚ್ಚಿದಾಗ ಮೆಕ್ಯಾನಿಕ್ ಎರಡು ಹಳೆಯ ಪ್ಯಾಡುಗಳನ್ನು ತಂದು ಬಾನೆಟ್ಟಿನ ಮೇಲೆ ಹಾಸಿದ ಹಳೆಯ ಪತ್ರಿಕೆಯ ಮೇಲಿಟ್ಟರು. ಹೊರಗಿನದರಲ್ಲಿ ಅರ್ಧದಷ್ಟು ಪದರ ಇನ್ನೂ ಉಳಿದಿತ್ತು. ಒಳಗಿನದು ಒಂದು ಮೂಲೆಯಲ್ಲಿ ಉಕ್ಕಿನ ತಟ್ಟೆ ಕಾಣುವಷ್ಟು ಓರೆಯಾಗಿ ಸವೆದಿತ್ತು. “ಪ್ಯಾಡ್ ತಪ್ಪಲ್ಲ ಸಾರ್ ಇದು, ಪಿನ್ ಜಾಮ್ ಆಗಿದೆ ನೋಡಿ” ಎಂದು ಅವರು ಕ್ಯಾಲಿಪರನ್ನು ಕೈಯಿಂದ ಅಲುಗಿಸಲು ನೋಡಿದರು; ಅದು ಕದಲಲಿಲ್ಲ. ಸ್ಪಾನರ್ ಹಾಕಿ ತಿರುಗಿಸಿ ಎಳೆದಾಗ ಹೊರಬಂದ ಪಿನ್ನಿನ ಮೇಲೆ ಗ್ರೀಸಿನ ಬದಲು ಕಂದು ಬಣ್ಣದ ತುಕ್ಕಿನ ಪುಡಿ ಅಂಟಿಕೊಂಡಿತ್ತು, ಪಿನ್ನನ್ನು ಮುಚ್ಚುವ ರಬ್ಬರ್ ಬೂಟು ಒಂದು ಕಡೆ ಸೀಳಿತ್ತು. ಹಿಂದಿನ ಸಲ ಬೇರೊಂದು ಕಡೆ ಪ್ಯಾಡ್ ಹಾಕಿಸಿದ್ದಾಗ ಅವರು ಇದನ್ನು ಮುಟ್ಟಿಯೇ ಇರಲಿಲ್ಲವೆಂಬುದು ನೋಡಿದ ಕೂಡಲೇ ತಿಳಿಯುವಂತಿತ್ತು.

ಇದರ ಕಾರಣ ಸರಳವಾಗಿದೆ. ನಮ್ಮ ಬಹುತೇಕ ಕುಟುಂಬ ಕಾರುಗಳ ಕ್ಯಾಲಿಪರಿನಲ್ಲಿ ಪಿಸ್ಟನ್ ಇರುವುದು ಒಳಬದಿಯಲ್ಲಿ ಮಾತ್ರ. ಅದು ಒಳಪ್ಯಾಡನ್ನು ಡಿಸ್ಕಿಗೆ ಒತ್ತಿದಾಗ ಇಡೀ ಕ್ಯಾಲಿಪರ್ ಪಿನ್ನುಗಳ ಮೇಲೆ ಜಾರಿ ಹೊರಪ್ಯಾಡನ್ನೂ ಎಳೆದು ಒತ್ತುತ್ತದೆ. ಪಿನ್ನು ಜಾರದಿದ್ದರೆ ಒಳಪ್ಯಾಡೊಂದೇ ದುಡಿಯುತ್ತದೆ, ಕಾಲು ತೆಗೆದ ಮೇಲೂ ಉಜ್ಜುತ್ತಲೇ ಇರಬಹುದು, ಕಾರು ಬ್ರೇಕ್ ಹಾಕಿದಾಗ ಒಂದು ಪಕ್ಕಕ್ಕೆ ಎಳೆಯಬಹುದು. ಪ್ಯಾಡ್ ಬದಲಾಯಿಸುವಾಗ ಎರಡೂ ಪಿನ್ನುಗಳನ್ನು ಹೊರತೆಗೆದು ಒರೆಸಿ, ಸಿಲಿಕೋನ್ ಗ್ರೀಸ್ ತೆಳ್ಳಗೆ ಸವರಿ, ಹರಿದ ಬೂಟನ್ನು ಹೊಸದು ಮಾಡಿಸಬೇಕು. ಬೇರಿಂಗಿಗೆ ಹಾಕುವ ಮಾಮೂಲಿ ಗ್ರೀಸ್ ಇಲ್ಲಿ ಸಲ್ಲದು. ಅದು ರಬ್ಬರನ್ನು ಉಬ್ಬಿಸಿ ಪಿನ್ನನ್ನು ಮತ್ತೆ ಹಿಡಿದುಬಿಡುತ್ತದೆ. ಮೇಲಿನ ಮತ್ತು ಕೆಳಗಿನ ಪಿನ್ನುಗಳು ಒಂದೇ ರೀತಿ ಕಂಡರೂ ಕೆಲವು ಕಾರುಗಳಲ್ಲಿ ಒಂದರ ತುದಿಗೆ ರಬ್ಬರ್ ಬುಷ್ ಇರುತ್ತದೆ, ಅದಲುಬದಲಾಗಬಾರದು.

ಉಳಿದ ಕೆಲಸ ಕೈಪಳಗಿದವರಿಗೆ ಒಂದು ಬೆಳಗಿನದು. ಸಮತಟ್ಟಾದ ಗಟ್ಟಿ ನೆಲದಲ್ಲಿ ಕಾರು ನಿಲ್ಲಿಸಿ, ಹಿಂದಿನ ಚಕ್ರಗಳಿಗೆ ಕಲ್ಲು ಕೊಟ್ಟು, ಚಕ್ರದ ನಟ್ಟುಗಳನ್ನು ಕಾರು ನೆಲದ ಮೇಲಿರುವಾಗಲೇ ಸಡಿಲಿಸಿ, ಆಮೇಲೆ ಜ್ಯಾಕ್ ಏರಿಸಬೇಕು. ಸ್ಟೆಪ್ನಿಯ ಜೊತೆಗೆ ಬರುವ ಜ್ಯಾಕನ್ನೇ ನಂಬಿ ಅಡಿಗೆ ತಲೆ ಹಾಕುವುದು ಬೇಡ, ಸ್ಟ್ಯಾಂಡ್ ಇರಲೇಬೇಕು. ಬಿಚ್ಚಿದ ಕ್ಯಾಲಿಪರನ್ನು ಅದರ ರಬ್ಬರ್ ಹೋಸಿನ ಮೇಲೆ ಜೋತುಬಿಡದೆ ತಂತಿಯಿಂದ ಸ್ಪ್ರಿಂಗಿಗೆ ಕಟ್ಟಬೇಕು. ಎಬಿಎಸ್ ಇರುವ ಕಾರಿನಲ್ಲಿ ಪಕ್ಕದಲ್ಲೇ ಹಾದುಹೋಗುವ ಸೆನ್ಸರ್ ತಂತಿಯ ಮೇಲೂ ಕಣ್ಣಿರಲಿ. ಧೂಳನ್ನು ಗಾಳಿ ಹಾಕಿ ಊದುವುದಕ್ಕಿಂತ ಒದ್ದೆ ಬಟ್ಟೆಯಿಂದ ಒರೆಸುವುದು ಶ್ವಾಸಕೋಶಕ್ಕೆ ಕ್ಷೇಮ. ಪಿಸ್ಟನ್ನನ್ನು ಸಿ-ಕ್ಲಾಂಪಿನಿಂದ ನಿಧಾನವಾಗಿ ಒಳಕ್ಕೆ ಒತ್ತುವಾಗ ಬ್ರೇಕ್ ಆಯಿಲ್ ಡಬ್ಬಿಯ ಮಟ್ಟ ಏರುತ್ತದೆ. ಪ್ಯಾಡು ಸವೆದಂತೆ ಮಟ್ಟ ಇಳಿಯುವುದು ಸಹಜವಾದ್ದರಿಂದ ನಡುವೆ ಯಾರಾದರೂ ತುಂಬಿಸಿದ್ದರೆ ಈಗ ಅದು ಉಕ್ಕಿ ಹರಿಯುತ್ತದೆ, ಬಣ್ಣದ ಮೇಲೆ ಬಿದ್ದರೆ ಬಣ್ಣವನ್ನೇ ಕಿತ್ತುಹಾಕುತ್ತದೆ. ಪ್ಯಾಡುಗಳನ್ನು ಎಡ ಬಲ ಎರಡೂ ಚಕ್ರಗಳಿಗೆ ಒಟ್ಟಿಗೇ ಹಾಕಬೇಕು. ಎಲ್ಲ ಬಿಗಿದ ಮೇಲೆ, ಕಾರು ಒಂದಡಿಯೂ ಕದಲುವ ಮುನ್ನ, ಪೆಡಲ್ ಗಟ್ಟಿಯಾಗುವವರೆಗೆ ಒತ್ತಿ ಒತ್ತಿ ಬಿಡಬೇಕು. ಇಲ್ಲದಿದ್ದರೆ ಮೊದಲ ಬ್ರೇಕಿಗೆ ಪೆಡಲ್ ನೆಲ ಮುಟ್ಟುತ್ತದೆ.

ಡಿಸ್ಕಿನ ಕನಿಷ್ಠ ದಪ್ಪ ಸಾಮಾನ್ಯವಾಗಿ ಡಿಸ್ಕಿನ ಮೇಲೆಯೇ ಅಚ್ಚಾಗಿರುತ್ತದೆ. ಅದಕ್ಕಿಂತ ಕಡಿಮೆಯಾಗಿದ್ದರೆ ಲೇತಿಗೆ ಕೊಟ್ಟು ಮತ್ತಷ್ಟು ತೆಳ್ಳಗೆ ಮಾಡಿಸದೆ ಹೊಸದು ಹಾಕಿಸಬೇಕು. ಮಳೆಯಲ್ಲಿ ರಾತ್ರಿಯಿಡೀ ನಿಂತ ಕಾರಿನ ಡಿಸ್ಕಿನ ಮೇಲೆ ಕಾಣುವ ಕೆಂಪು ತುಕ್ಕಿಗೆ ಮಾತ್ರ ಹೆದರಬೇಕಾಗಿಲ್ಲ, ನಾಲ್ಕಾರು ಬ್ರೇಕಿಗೆ ಅದು ಉಜ್ಜಿಹೋಗುತ್ತದೆ.

ಬ್ರೇಕ್ ಆಯಿಲ್ಲಿನ ವಿಷಯಕ್ಕೆ ನಮ್ಮಲ್ಲಿ ಸಿಗಬೇಕಾದಷ್ಟು ಗಮನ ಸಿಕ್ಕಿಲ್ಲ. ಅದು ಗಾಳಿಯ ತೇವವನ್ನು ಹೀರಿಕೊಳ್ಳುವ ದ್ರವ. ಡಾಟ್ 4 ದರ್ಜೆಯ ಹೊಸ ಆಯಿಲ್ ಕನಿಷ್ಠ 230 ಡಿಗ್ರಿ ಸೆಲ್ಸಿಯಸ್‌ವರೆಗೆ ಕುದಿಯಬಾರದೆಂಬ ನಿಯಮವಿದೆ, ತೇವ ಹೀರಿದ ಮೇಲೆ ಆ ಮಿತಿ 155ಕ್ಕೆ ಇಳಿಯುತ್ತದೆ. ಡಾಟ್ 3ರಲ್ಲಿ ಇವು 205 ಮತ್ತು 140. ಘಾಟಿಯ ನಡುವೆ ಆಯಿಲ್ ಕುದಿದು ಆವಿಯ ಗುಳ್ಳೆ ಎದ್ದರೆ ಪ್ಯಾಡು ಎಷ್ಟು ಒಳ್ಳೆಯದಿದ್ದರೂ ಪೆಡಲ್ ಮೆತ್ತಗಾಗಿ ಕೆಳಗೆ ಹೋಗುತ್ತದೆ. ವರ್ಷದ ನಾಲ್ಕು ತಿಂಗಳು ಬಟ್ಟೆಯೂ ಒಣಗದ ಊರಿನಲ್ಲಿ ಎರಡು ವರ್ಷಕ್ಕೊಮ್ಮೆ ಆಯಿಲ್ ಬದಲಾಯಿಸಿ ಏರ್ ತೆಗೆಸುವುದನ್ನು ಪ್ಯಾಡಿನ ಕೆಲಸದ ಜೊತೆಗೇ ಇಟ್ಟುಕೊಂಡರೆ ಕೂಲಿಯೂ ಉಳಿಯುತ್ತದೆ. ಕಾರಿನ ಡಬ್ಬಿಯ ಮುಚ್ಚಳದ ಮೇಲೆ ಬರೆದ ದರ್ಜೆಯನ್ನೇ ಹಾಕಬೇಕು. ಸಿಲಿಕೋನಿನ ಡಾಟ್ 5 ಇವುಗಳೊಂದಿಗೆ ಬೆರೆಯುವುದಿಲ್ಲ.

ಹೊಸ ಪ್ಯಾಡು ಡಿಸ್ಕಿಗೆ ಹೊಂದಿಕೊಳ್ಳುವವರೆಗೆ ಘಾಟಿಗೆ ಇಳಿಯಬಾರದು. ಸಖರಾಯಪಟ್ಟಣದ ಕಡೆಗೆ ಹೋಗುವ ಕಡೂರು ರಸ್ತೆಯಂಥ ಕಡೆ, ಹಿಂದೆ ವಾಹನಗಳಿಲ್ಲದ ಹೊತ್ತಿನಲ್ಲಿ, ಐವತ್ತರ ವೇಗದಿಂದ ಹದಿನೈದರವರೆಗೆ ಹದವಾಗಿ ಬ್ರೇಕ್ ಹಾಕಿ, ಪೂರ್ತಿ ನಿಲ್ಲಿಸದೆ ಮತ್ತೆ ವೇಗ ಹಿಡಿದು, ನಡುವೆ ಗಾಳಿಗೆ ಆರಲು ಬಿಟ್ಟು, ಹತ್ತು ಬಾರಿ ಹೀಗೆ ಮಾಡಿದರೆ ಪ್ಯಾಡಿನ ತೆಳು ಪದರ ಡಿಸ್ಕಿನ ಮೇಲೆ ಸಮನಾಗಿ ಕೂರುತ್ತದೆ. ಮೊದಲ ಇನ್ನೂರು ಮುನ್ನೂರು ಕಿಲೋಮೀಟರಿನಲ್ಲಿ ಅನಿವಾರ್ಯವಲ್ಲದ ಜೋರು ಬ್ರೇಕ್ ಬೇಡ. ಮುಂದೆ ಯಾವಾಗಲಾದರೂ ಇಳಿಜಾರಿನಲ್ಲಿ ವಾಸನೆ ಬಂದು ಹಿಡಿತ ತಗ್ಗಿದರೆ, ಗೇರ್ ಇಳಿಸಿ ಅಗಲವಾದ ಜಾಗದಲ್ಲಿ ನಿಲ್ಲಿಸಿ, ಕಲ್ಲು ಕೊಟ್ಟು, ಪೆಡಲಿನಿಂದ ಕಾಲು ತೆಗೆದು ಅರ್ಧ ಗಂಟೆ ಆರಲು ಬಿಡಬೇಕು. ಝರಿಯ ನೀರು ತಂದು ಕಾದ ಡಿಸ್ಕಿನ ಮೇಲೆ ಸುರಿದರೆ ಅದು ಸೊಟ್ಟಗಾಗಬಹುದು, ಬಿರುಕೂ ಬಿಡಬಹುದು.

ಹಿಂದಿನ ಚಕ್ರಗಳಲ್ಲಿ ಡ್ರಮ್ ಇರುವ ಕಾರುಗಳಲ್ಲಿ ಡ್ರಮ್ಮಿನ ಒಳಮೈಗೆ ಉಜ್ಜುವ ಲೈನರ್ ನಿಧಾನವಾಗಿ ಸವೆಯುತ್ತದೆ. ಮುಂದಿನ ಪ್ಯಾಡು ಎರಡು ಬಾರಿ ಬದಲಾಗುವಷ್ಟರಲ್ಲಿ ಒಮ್ಮೆ ಡ್ರಮ್ ಬಿಚ್ಚಿಸಿ ನೋಡಿಸಿದರೆ ಸಾಕು. ಹಿಂದೆಯೂ ಡಿಸ್ಕ್ ಇದ್ದು ಹ್ಯಾಂಡ್ ಬ್ರೇಕ್ ಗುಂಡಿಯಲ್ಲಿ ಕೆಲಸ ಮಾಡುವ ಹೊಸ ಕಾರುಗಳ ಪಿಸ್ಟನ್ನನ್ನು ಕ್ಲಾಂಪಿನಿಂದ ಒತ್ತಿದರೆ ಮೋಟಾರು ಹಾಳಾಗುತ್ತದೆ, ಅದನ್ನು ಸ್ಕ್ಯಾನರ್ ಇರುವ ಗ್ಯಾರೇಜಿಗೇ ಬಿಡಬೇಕು. ಆಷಾಢದ ಮಳೆಯಲ್ಲಿ ಕಾರನ್ನು ವಾರಗಟ್ಟಲೆ ನಿಲ್ಲಿಸುವವರು ಹ್ಯಾಂಡ್ ಬ್ರೇಕ್ ಎಳೆದಿಡದೆ, ಒಂದನೇ ಗೇರಿನಲ್ಲಿ ಬಿಟ್ಟು ಚಕ್ರಕ್ಕೆ ಕಲ್ಲು ಕೊಟ್ಟರೆ ಲೈನರ್ ಡ್ರಮ್ಮಿಗೆ ಹಿಡಿದುಕೊಳ್ಳುವ ತಾಪತ್ರಯ ಇರುವುದಿಲ್ಲ.