ಎಣಿಸಿಕೋ

ಮಂಗಳವಾರ ಕೇಳಿದ ಒಂದು ಮಾತು ಇನ್ನೂ ಕಿವಿಯಿಂದ ಇಳಿದಿಲ್ಲ. “ಎಣಿಸಿಕೋ. ಆಮೇಲೆ ಕಡಿಮೆ ಬಂತು ಎನ್ನಬೇಡ.”

ಕೌಟುಂಬಿಕ ನ್ಯಾಯಾಲಯದ ಕಾರಿಡಾರಿನಲ್ಲಿ ನನ್ನ ತಂಗಿಗೆ ಅವಳ ಗಂಡ ಹೇಳಿದ್ದು. ತಿಂಗಳಿಗೆ 8,000 ರೂಪಾಯಿ ಜೀವನಾಂಶ ಎಂದು ಆದೇಶವಾಗಿ, ನಾವು ಜಾರಿಗಾಗಿ ಅರ್ಜಿ ಹಾಕುವ ಹೊತ್ತಿಗೆ 14 ತಿಂಗಳು ಬಿಡಿಗಾಸು ಕೊಟ್ಟಿರಲಿಲ್ಲ. ಅರ್ಜಿಯ ನಂತರದ ತಿಂಗಳುಗಳ ಲೆಕ್ಕ ಬೇರೆ. ಎರಡು ಸಲ ಹೊರಟ ವಾರಂಟ್ ‘ಆಸಾಮಿ ಸಿಕ್ಕಿರುವುದಿಲ್ಲ’ ಎಂಬ ಷರಾ ಹೊತ್ತು ವಾಪಸಾಗಿತ್ತು. ಸಿಗದ ಆಸಾಮಿ ಅದೇ ವಾರ ಮೊಬೈಲ್ ಸ್ಟೇಟಸ್ಸಿನಲ್ಲಿ ಹೊಸ ಬೈಕಿನ ಮೇಲೆ ಕುಳಿತಿದ್ದ. ಸಂಬಳದವನಾಗಿದ್ದರೆ ಸಂಬಳವನ್ನೇ ಜಪ್ತಿ ಮಾಡಿಸಬಹುದಿತ್ತು. ಇವನದು ‘ವ್ಯವಹಾರ’. ಏನೆಂದು ಮದುವೆಗೆ ಮೊದಲೂ ನಮಗೆ ತಿಳಿಯಲಿಲ್ಲ.

ಮೂರನೆಯ ಸಲ ಜಾಮೀನುರಹಿತ ವಾರಂಟ್ ಆಗುತ್ತಲೇ ಇಸ್ತ್ರಿ ಮಾಡಿದ ಅಂಗಿ ತೊಟ್ಟು ತಾನಾಗಿಯೇ ಬಂದ. ಕೈಯಲ್ಲಿ 500ರ 80 ನೋಟುಗಳು. ಮಿಕ್ಕಿದ್ದಕ್ಕೆ ಸಮಯ ಬೇಕಂತೆ.

ತಂಗಿ ಕಿಟಕಿಯ ಬೆಳಕಿಗೆ ತಿರುಗಿ ಒಂದೊಂದಾಗಿ ಎಣಿಸಿದಳು. ಬೆರಳು ನಡುಗುತ್ತಿತ್ತು, ಲೆಕ್ಕ ತಪ್ಪಿತು, ಮತ್ತೆ ಮೊದಲಿನಿಂದ ಎಣಿಸಿದಳು. ಒಂದು ನೋಟಿನ ನಡುವೆ ಟೇಪು ಅಂಟಿಸಿತ್ತು. ಅದನ್ನು ಎಳೆದು ಅವನ ಮುಂದೆ ಹಿಡಿದಳು: “ಇದನ್ನು ಬದಲಾಯಿಸಿ.”

ಅವನು ನನ್ನತ್ತ ತಿರುಗಿ ನಕ್ಕ. “ನೋಡಿ ಅಕ್ಕಾ, ನಿಮ್ಮ ತಂಗಿ ಹೇಗೆ!”

ಸುತ್ತ ನಿಂತವರೆಲ್ಲ ನೋಡುತ್ತಿದ್ದರು. ನಾನು ಏನು ಮಾಡಿದೆ ಗೊತ್ತೇ? “ಬಿಡೇ, ಒಂದು ನೋಟು ತಾನೇ” ಎಂದೆ. ಅವಳು ನನ್ನ ಕಡೆ ನೋಡಲೂ ಇಲ್ಲ, ಕೈಯನ್ನು ಇಳಿಸಲೂ ಇಲ್ಲ. ಕೊನೆಗೆ ಅವನು ಪರ್ಸ್ ತೆಗೆದು ಬೇರೆ ನೋಟು ಕೊಟ್ಟ. ಪರ್ಸಿನಲ್ಲಿ ನೋಟಿಗೇನೂ ಬರಗಾಲವಿರಲಿಲ್ಲ.

ನಾಚಿಕೆಪಡಬೇಕಾದವನು ನಗುತ್ತಿದ್ದ, ನಾಚಿಕೊಂಡವಳು ನಾನು. ತನ್ನ ಹಣವನ್ನು ಸರಿಯಾಗಿ ಕೇಳಿ ಪಡೆಯುವ ಹೆಂಗಸನ್ನು ಕಂಡರೆ ನಮಗೆಲ್ಲ ಏನೋ ಇರುಸುಮುರುಸು. ಹಣ ಕೊಡದವನಿಗೆ ‘ಪಾಪ, ಕಷ್ಟದಲ್ಲಿದ್ದಾನೇನೋ’ ಎನ್ನುವ ಬಾಯಿ, ಕೇಳಿದವಳಿಗೆ ‘ದುಡ್ಡಿನ ಆಸೆ’ ಎನ್ನುತ್ತದೆ. ಆ ಬಾಯಿ ನನಗೂ ಇದೆ ಎಂದು ಮಂಗಳವಾರ ಗೊತ್ತಾಯಿತು.

ಕಾನೂನು ಅಷ್ಟೇನೂ ಮೆತ್ತಗಿಲ್ಲ. ಬಾಕಿ ಇಟ್ಟ ಒಂದೊಂದು ತಿಂಗಳಿಗೂ ಒಂದು ತಿಂಗಳವರೆಗೆ ಜೈಲಿಗೆ ಕಳುಹಿಸಬಹುದು. ಜೈಲಿಗೆ ಹೋಗಿ ಬಂದರೂ ಬಾಕಿ ತೀರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1989ರಲ್ಲೇ ಹೇಳಿದೆ. ಜೀವನಾಂಶದ ಆದೇಶವನ್ನು ಸಿವಿಲ್ ಡಿಕ್ರಿಯಂತೆ, ಅಂದರೆ ಹಣದ ದಾವೆಯ ತೀರ್ಪಿನಂತೆ, ಜಾರಿ ಮಾಡಬಹುದು ಎಂದು 2020ರಲ್ಲಿ ಹೇಳಿತು. ಆದರೆ ಬೆನ್ನು ಹತ್ತಬೇಕಾದವಳು ಅವಳೇ. ವಿಳಾಸ, ಆಸ್ತಿಯ ವಿವರ, ಬಾಕಿಯ ಪಟ್ಟಿ ಎಲ್ಲವನ್ನೂ ಅವಳೇ ಹುಡುಕಿ ತರಬೇಕು. ಸಾಲದ್ದಕ್ಕೆ ಒಂದು ವರ್ಷದ ಗಡುವು. ಬಾಕಿ ಬಿದ್ದ ದಿನದಿಂದ ವರ್ಷದೊಳಗೆ ಅರ್ಜಿ ಹಾಕದಿದ್ದರೆ ಆ ತಿಂಗಳಿಗೆ ವಾರಂಟ್ ಇಲ್ಲ. ಜೀವನಾಂಶದ ಈ ನಿಯಮವಿದ್ದ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಂ 2024ರ ಜುಲೈಯಿಂದ ಹೊಸ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144 ಆಯಿತು, ಗಡುವು ಮಾತ್ರ ಕದಲಲಿಲ್ಲ.

ಹಾಗಾಗಿ ನಮ್ಮ 14 ತಿಂಗಳಲ್ಲಿ 12ಕ್ಕೆ ಮಾತ್ರ ವಾರಂಟ್: 96,000. ಜಾರಿಬಿದ್ದ ಆ ಎರಡು ತಿಂಗಳು ಯಾರ ಖಾತೆಗೆ? “ಕೊಟ್ಟಾನು, ಸ್ವಲ್ಪ ಕಾಯೋಣ, ಕೋರ್ಟಿಗೆ ಹೋದರೆ ಮುರಿದೇ ಹೋಗುತ್ತದೆ” ಎಂದು ಅವಳನ್ನು ತಡೆದವಳು ನಾನು. ತಂಗಿ ಇದನ್ನು ಒಮ್ಮೆಯೂ ಎತ್ತಿ ಆಡಿಲ್ಲ.

ರಸೀದಿಗೆ ಸಹಿ ಹಾಕಿ, ಮೆಮೊ ಸಲ್ಲಿಸಿ, ಮನೆಗೆ ಬಂದು ಬಾಗಿಲು ಹಾಕಿಕೊಂಡು ಅವಳು ಮೂರನೆಯ ಸಲ ಎಣಿಸಿದಳು. ನಾನು ಪಕ್ಕದಲ್ಲಿ ಕುಳಿತು ಹತ್ತತ್ತರ ಕಟ್ಟು ಮಾಡಿಕೊಟ್ಟೆ. ಎಂಟು ಕಟ್ಟು. ಉಳಿದ 56,000ಕ್ಕೆ ಮುಂದಿನ ತಿಂಗಳು ವಾಯಿದೆ.