ಬಾಕ್ಸಿಗೆ 1,900, ಬಾಕ್ಸು ಎಷ್ಟು?

2023ರ ಜುಲೈ. ಟೊಮ್ಯಾಟೊ ಕಿಲೋಗೆ ನೂರು ರೂಪಾಯಿ ದಾಟಿತ್ತು. ಆಗ ನಾನು ಬೆಂಗಳೂರಿನಲ್ಲಿ, ಸರ್ಕಾರಕ್ಕೆ ಬೆಲೆಗಳ ಬಗ್ಗೆ ಟಿಪ್ಪಣಿ ಬರೆದುಕೊಡುವ ಒಂದು ತಂಡದಲ್ಲಿದ್ದೆ. 'ಈ ಬೆಲೆಯಿಂದ ಬೆಳೆಗಾರರ ಆದಾಯ ಹೆಚ್ಚಿದೆ' ಎಂದು ಕರಡಿನಲ್ಲಿ ಒಂದು ಸಾಲು ಬರೆದಿದ್ದೆ. ಬೆಲೆ ಏರಿದರೆ ಆದಾಯವೂ ಏರಬೇಕು ಅಲ್ವಾ? ಆದರೂ ಕಳಿಸುವ ಮುಂಚೆ ಕೋಲಾರಕ್ಕೆ ಹೋದೆ. ಮುಳಬಾಗಿಲ ಕಡೆ ನಮ್ಮ ಚಿಕ್ಕಪ್ಪ ಟೊಮ್ಯಾಟೊ ಬೆಳೆಯುತ್ತಾರೆ. ಅವತ್ತು ಅವರೂ ಮಾರ್ಕೆಟ್ಟಿಗೆ ಬಂದಿದ್ದರು.

ಕೋಲಾರದ ಎಪಿಎಂಸಿ ದೇಶದ ದೊಡ್ಡ ಟೊಮ್ಯಾಟೊ ಮಾರುಕಟ್ಟೆಗಳಲ್ಲಿ ಒಂದು. ಇಲ್ಲಿ ಲೆಕ್ಕವೆಲ್ಲ 15 ಕಿಲೋ ಬಾಕ್ಸಿನದು. ಹರಾಜು ಕೂಗುವವರ ಸದ್ದಿನಲ್ಲಿ ಪಕ್ಕದವರ ಮಾತೂ ಕೇಳಿಸುತ್ತಿರಲಿಲ್ಲ. ಚಿಕ್ಕಪ್ಪನ ಹಣ್ಣು 1,900ಕ್ಕೆ ಹೋಯಿತು. ನನಗೆ ತುಂಬಾ ಖುಷಿಯಾಯಿತು.

"ಎಷ್ಟು ಬಾಕ್ಸ್ ಚಿಕ್ಕಪ್ಪ?"

"ಹನ್ನೆರಡು ಕಣಮ್ಮ. ಹೋದ ವರ್ಷ ಇದೇ ಹೊಲದಲ್ಲಿ ಒಂದು ಸಲ ಬಿಡಿಸಿದ್ರೆ ನೂರು ಬರ್ತಿತ್ತು. ಆಗ ಬಾಕ್ಸಿಗೆ ಮುನ್ನೂರು."

ಅಲ್ಲೇ ನಿಂತು ಲೆಕ್ಕ ಹಾಕಿದೆ. ಈಗ 22,800, ಹೋದ ವರ್ಷ 30,000. ಬೆಲೆ ಆರು ಪಟ್ಟು ಏರಿದೆ, ಕೈಗೆ ಬಂದ ದುಡ್ಡು ಇಳಿದಿದೆ. ಬಿಳಿ ನೊಣ ಬಂದು, ಎಲೆ ಮುದುಡಿ, ಗಿಡದಲ್ಲಿ ಹಣ್ಣೇ ನಿಂತಿರಲಿಲ್ಲ. ಔಷಧಿ, ಕಡ್ಡಿ, ದಾರ, ಕೂಲಿ ಖರ್ಚು ಮಾತ್ರ ಒಂದೂ ಕಡಿಮೆಯಾಗಿರಲಿಲ್ಲ. ಬೆಳೆ ಉಳಿಸಿಕೊಂಡವರು ಚೆನ್ನಾಗಿ ದುಡಿದರು, ಅದೂ ನಿಜ. ಆದರೆ ನನ್ನ ಸಾಲಿನಲ್ಲಿ ಎಲ್ಲ ಬೆಳೆಗಾರರೂ ಇದ್ದರು.

ನಮ್ಮ ಕೆಲಸದಲ್ಲಿ ಬೆಲೆ ಏರಿದಾಗ ಗಾಬರಿಯಾಗುವುದಕ್ಕೂ ಕಾರಣವಿದೆ. ಚಿಲ್ಲರೆ ಹಣದುಬ್ಬರದ ಆಗಿನ ಲೆಕ್ಕದಲ್ಲಿ ಆಹಾರದ ಪಾಲೇ ಸುಮಾರು 46%. ಆ ತಿಂಗಳ ಹಣದುಬ್ಬರ 7.44%ಕ್ಕೆ ಹೋಯಿತು. ರಿಸರ್ವ್ ಬ್ಯಾಂಕಿಗೆ ಹಾಕಿಕೊಟ್ಟ ಮೇಲಿನ ಮಿತಿ 6%. ಆಗಸ್ಟ್‌ನಲ್ಲಿ ನೇಪಾಳದಿಂದ ಟೊಮ್ಯಾಟೊ ತರಿಸಿದರು. ಕೊಳ್ಳುವ ಬಡವರಿಗಾಗಿ ಇದೆಲ್ಲ ಬೇಕು. ಆದರೆ ಬೆಲೆ ನೆಲ ಕಚ್ಚಿ, ರೈತರು ಹಣ್ಣನ್ನು ರಸ್ತೆ ಬದಿ ಸುರಿದಾಗ ನಮ್ಮಿಂದ ಯಾರೂ ಟಿಪ್ಪಣಿ ಕೇಳಿರಲಿಲ್ಲ. ರಾಗಿಗೆ ಬೆಂಬಲ ಬೆಲೆ ಇದೆ, ಟೊಮ್ಯಾಟೊಗೆ ಇಲ್ಲ. ಬೇಗ ಕೊಳೆಯುವ ಹಣ್ಣನ್ನು ಕೊಂಡು ಗೋಡೌನಿನಲ್ಲಿ ಇಡೋದು ಸುಲಭವಲ್ಲ, ಒಪ್ಪುತ್ತೇನೆ. ಹಾಗಂತ ಸುಮ್ನೆ ಇರೋದೂ ಸರಿಯಲ್ಲ.

ಟೀ ಕುಡಿಯುವಾಗ ಚಿಕ್ಕಪ್ಪ ಕೇಳಿದರು, "ನೀನು ಇದನ್ನೇ ಓದಿದ್ದೀಯಲ್ಲ, ಇನ್ನೊಂದು ಎಕರೆ ನಾಟಿ ಮಾಡ್ಲಾ?"

ಸರ್ಕಾರಕ್ಕೆ ಸಲಹೆ ಬರೆಯುವಾಗಲೂ ನನಗೆ ಅಷ್ಟು ಭಯವಾಗಿರಲಿಲ್ಲ. "ಈ ಬೆಲೆ ನೋಡಿ ಎಲ್ಲರೂ ನಾಟಿ ಮಾಡ್ತಾರೆ. ಎಲ್ಲರದೂ ಒಟ್ಟಿಗೆ ಬರುತ್ತೆ. ಅರ್ಧ ಎಕರೆಗೆ ಬೀನ್ಸ್ ಹಾಕಿ ಚಿಕ್ಕಪ್ಪ" ಅಂದೆ.

ಅವರು ಲೋಟ ಕೆಳಗಿಟ್ಟರು. "ಸಸಿಗೆ ಆಗಲೇ ಅಡ್ವಾನ್ಸ್ ಕೊಟ್ಟಿದ್ದೀನಮ್ಮ."

ಕಚೇರಿಗೆ ಬಂದು ಆ ಸಾಲು ತೆಗೆದೆ. ಇಳುವರಿ ಎಷ್ಟು ಕುಸಿದಿದೆ ಎಂದು ತಾಲ್ಲೂಕುವಾರು ನೋಡಬೇಕು ಎಂದು ಬರೆದೆ. ಸೆಪ್ಟೆಂಬರ್‌ನಲ್ಲಿ ಬೆಲೆ ಬಿದ್ದಾಗ ಚಿಕ್ಕಪ್ಪನ ಹೊಸ ಗಿಡಗಳಲ್ಲಿ ಹಣ್ಣು ಕೆಂಪಾಗುತ್ತಿತ್ತು. ಯಾರೂ ಕೇಳದಿದ್ದರೂ ಅವತ್ತು ಎರಡನೇ ಟಿಪ್ಪಣಿ ಬರೆಯಲು ಕೂತೆ.